ಅಟ್ಟದಿಂದ ಇಳಿದ ಟ್ರಂಕು: ಐವತ್ತು ವರ್ಷ ಹಿಂದಿನ ನನ್ನ ಚಿತ್ರಗಳನ್ನು ನಾನೇ ತಿದ್ದಬಹುದೇ?

ಪ್ರಶ್ನೆ

ನನಗೆ 71 ವರ್ಷ. 1973ರಿಂದ 1977ರವರೆಗೆ ಧಾರವಾಡದಲ್ಲಿ ಚಿತ್ರಕಲೆ ಕಲಿತೆ. 1979ರಲ್ಲಿ ಮದುವೆಯಾಗಿ ಪುಣೆಗೆ ಹೋದೆ. ಆಮೇಲೆ ಕುಂಚ ಹಿಡಿದದ್ದು ಮಕ್ಕಳ ಶಾಲೆಯ ಚಾರ್ಟುಗಳಿಗೆ ಮಾತ್ರ. ನನ್ನ ಚಿತ್ರಗಳೆಲ್ಲ ಶಿರಸಿ ಹತ್ತಿರದ ತವರುಮನೆಯಲ್ಲಿ, ಅಡುಗೆಮನೆಯ ಮೇಲಿನ ಅಟ್ಟದ ತಗಡಿನ ಟ್ರಂಕಿನಲ್ಲಿ ಉಳಿದವು. ಈಗ ತಮ್ಮ ಹಳೆಯ ಮನೆ ಕೆಡವಿಸುತ್ತಿದ್ದಾನೆ, ಟ್ರಂಕು ಕೆಳಗೆ ಬಂದಿದೆ. ಒಳಗೆ ನಲವತ್ತರಷ್ಟು ಜಲವರ್ಣ, ಒಂದು ಕಟ್ಟು ಇದ್ದಿಲು ಚಿತ್ರ, ಸುರುಳಿ ಸುತ್ತಿದ ನಾಲ್ಕು ಕ್ಯಾನ್ವಾಸ್, ಹಾರ್ಡ್‌ಬೋರ್ಡಿನ ಮೇಲೆ ಎರಡು ತೈಲವರ್ಣ. ಕಾಗದದ ಅಂಚನ್ನು ಹುಳ ತಿಂದಿದೆ, ಕಂದು ಚುಕ್ಕೆಗಳಿವೆ, ಕೆಲವಕ್ಕೆ ಬೂಷ್ಟು ಹಿಡಿದಿದೆ. ಹರಿದ ಒಂದಕ್ಕೆ ಆಗಲೇ ಸೆಲ್ಲೋಟೇಪ್ ಹಚ್ಚಿದ್ದೆ, ಅಲ್ಲೆಲ್ಲ ಕಂದು ಪಟ್ಟಿ. ತೈಲವರ್ಣದ ಬಿಳಿ ಹಳದಿಯಾಗಿದೆ. ಪರಿಚಯದ ನಿವೃತ್ತ ಡ್ರಾಯಿಂಗ್ ಮೇಷ್ಟ್ರೊಬ್ಬರು ಆಲೂಗಡ್ಡೆ ಹೋಳಿನಿಂದ ಉಜ್ಜಿ, ಮೇಲೆ ತೆಂಗಿನೆಣ್ಣೆ ಸವರಿ ಎನ್ನುತ್ತಾರೆ. ಮಗ ಎಲ್ಲವನ್ನೂ ಸ್ಕ್ಯಾನ್ ಮಾಡಿ ಲ್ಯಾಮಿನೇಟ್ ಮಾಡಿಸೋಣ ಎನ್ನುತ್ತಾನೆ. ಅರ್ಧದಷ್ಟು ಚಿತ್ರಗಳನ್ನು ನೋಡಿದರೆ ನನಗೇ ನಾಚಿಕೆಯಾಗುತ್ತದೆ, ಬಚ್ಚಲ ಒಲೆಗೆ ಹಾಕಿಬಿಡೋಣ ಅನಿಸುತ್ತದೆ. ಆದರೆ ಒಂದು ಕ್ಯಾನ್ವಾಸಿನಲ್ಲಿ ನನ್ನ ಅಮ್ಮ ಇದ್ದಾಳೆ. ಆಗಲೂ ಅವಳ ಬಾಯಿಯ ಹತ್ತಿರ ತಪ್ಪಾಗಿತ್ತು, ಈಗ ಅಲ್ಲಿಯೇ ಬಣ್ಣ ಚಕ್ಕೆ ಎದ್ದಿದೆ. ಕಳೆದ ವರ್ಷ ಎರಡೂ ಕಣ್ಣಿಗೆ ಪೊರೆಯ ಶಸ್ತ್ರಚಿಕಿತ್ಸೆಯಾಗಿ ಚೆನ್ನಾಗಿ ಕಾಣುತ್ತದೆ. ನನ್ನ ಚಿತ್ರವನ್ನು ನಾನೇ ತಿದ್ದಬಹುದಲ್ಲವೇ? ಯಾವುದಕ್ಕೂ ಸಹಿ ಇಲ್ಲ. ಈಗ ಹಾಕಿದರೆ ಯಾವ ವರ್ಷ ಬರೆಯಲಿ? ಕಲಿತ ಶಾಲೆಗೆ ಆಗ ಕೊಟ್ಟಿದ್ದ ಒಂದು ಚಿತ್ರವನ್ನು ವಾಪಸ್ ಕೇಳಬಹುದೇ?

ಉತ್ತರ

ಮೊದಲು ಸಮಾಧಾನದ ಮಾತು, ಆಮೇಲೆ ಸ್ವಲ್ಪ ಗದರಿಕೆ. ನೀವು ಬರೆದ ಲಕ್ಷಣಗಳಲ್ಲಿ ಆಸೆ ಬಿಡಬೇಕಾದದ್ದು ಒಂದೂ ಇಲ್ಲ. ಗದರಿಕೆ ಏನೆಂದರೆ, ಆಲೂಗಡ್ಡೆಯನ್ನು ಸಾಂಬಾರಿಗೆ ಹಾಕಿ.

ಹಳೆಯ ಕಾಗದ ಮತ್ತು ಚಿತ್ರಗಳನ್ನು ರಿಪೇರಿ ಮಾಡುವುದು ನನ್ನ ಕಸುಬು. ಹುಳಗಳು ಮೂವತ್ತು ವರ್ಷದಲ್ಲಿ ಮಾಡಿದ್ದಕ್ಕಿಂತ ಹೆಚ್ಚಿನ ಹಾನಿ ಟ್ರಂಕು ತೆರೆದ ಮೊದಲ ವಾರದಲ್ಲಿ ಆಗುವುದನ್ನು ಕಂಡಿದ್ದೇನೆ. ಅದರಲ್ಲಿಯೂ ನಾನು ಹೆಚ್ಚು ಹೆದರುವುದು ಬರೆದವರಿಗೇ. ಮಕ್ಕಳು, ಮೊಮ್ಮಕ್ಕಳು, ಚಿತ್ರ ಕೊಂಡವರು ಮುಟ್ಟುವ ಮುಂಚೆ ಒಂದು ಮಾತು ಕೇಳುತ್ತಾರೆ. ಕಲಾವಿದರು ಕೇಳುವುದಿಲ್ಲ. ನನ್ನದೇ ತಾನೆ ಎಂದು ಕುಂಚ ಅದ್ದಿಬಿಡುತ್ತಾರೆ. ನೀವು ಕೇಳಿದಿರಿ ಎಂಬ ಕಾರಣಕ್ಕೆ ಇಷ್ಟು ಉದ್ದ ಬರೆಯುತ್ತಿದ್ದೇನೆ.

ಟ್ರಂಕು ಇದ್ದದ್ದು ಅಡುಗೆಮನೆಯ ಮೇಲೆ ಎಂದಿದ್ದೀರಿ. ಇಡೀ ಪತ್ರದಲ್ಲಿ ನನಗೆ ಅತ್ಯಂತ ಉಪಯೋಗವಾದ ಮಾಹಿತಿ ಅದೇ. ಮಲೆನಾಡಿನಲ್ಲಿ ಒಲೆಯ ಮೇಲಿನ ಅಟ್ಟದಲ್ಲಿ ಬಿತ್ತನೆಯ ಬೀಜ, ಅಡಿಕೆ ಇಡುತ್ತಿದ್ದದ್ದು ಸುಮ್ಮನೆ ಅಲ್ಲ. ಒಲೆಯ ಬಿಸಿಗೆ ಅಟ್ಟ ಆಷಾಢದಲ್ಲಿಯೂ ಒಣಗಿರುತ್ತಿತ್ತು, ಹೊಗೆಗೆ ಹುಳ ಹತ್ತಿರ ಬರುತ್ತಿರಲಿಲ್ಲ. ನಿಮ್ಮ ಚಿತ್ರಗಳನ್ನು ಅಷ್ಟು ವರ್ಷ ಕಾಪಾಡಿದ್ದು ನಿಮ್ಮ ತವರಿನ ಸೌದೆ ಒಲೆ. ಗ್ಯಾಸ್ ಬಂದು ಒಲೆ ಆರಿದ ಮೇಲೆ ಅಟ್ಟಕ್ಕೆ ತೇವ ಹತ್ತಿತು, ಬೂಷ್ಟು ಮತ್ತು ಹುಳ ಆಮೇಲೆ ಬಂದವು ಎಂಬುದು ನನ್ನ ಊಹೆ. ಗಾಳಿಯ ತೇವಾಂಶ ಶೇಕಡಾ 65ನ್ನು ದಾಟಿ ಬಹಳ ದಿನ ಹಾಗೆಯೇ ಉಳಿದರೆ ಕಾಗದದ ಮೇಲೆ ಬೂಷ್ಟು ಏಳುತ್ತದೆ. ಶಿರಸಿಯ ಮಳೆಗಾಲಕ್ಕೆ ಅದೇನೂ ದೊಡ್ಡ ಮಾತಲ್ಲ. ಅಂಚು ತಿಂದದ್ದು ಹೆಚ್ಚಾಗಿ ಬೆಳ್ಳಿಮೀನು ಎನ್ನುವ ಬೂದು ಬಣ್ಣದ ರೆಕ್ಕೆಯಿಲ್ಲದ ಹುಳ. ಅದಕ್ಕೆ ಬೇಕಾದದ್ದು ಕಾಗದಕ್ಕೆ ಹಾಕಿದ ಗಂಜಿ ಮತ್ತು ಅಂಟು. ಗೆದ್ದಲು ಬಂದಿದ್ದರೆ ಅಂಚು ಮಾತ್ರ ತಿಂದು ಬಿಡುತ್ತಿರಲಿಲ್ಲ.

ಇನ್ನೊಂದು ವಿಚಿತ್ರ ನೋಡಿ. ಟ್ರಂಕಿನ ಕತ್ತಲೆ ನಿಮ್ಮ ಜಲವರ್ಣಗಳಿಗೆ ಉಪಕಾರ ಮಾಡಿದೆ, ತೈಲವರ್ಣಗಳಿಗೆ ಅಪಕಾರ. ಆ ಕಾಲದ ವಿದ್ಯಾರ್ಥಿಗಳ ಬಣ್ಣದ ಪೆಟ್ಟಿಗೆಯಲ್ಲಿ ಬೆಳಕಿಗೆ ನಿಲ್ಲದ ಕೆಂಪು, ನೇರಳೆಗಳು ಬೇಕಾದಷ್ಟಿದ್ದವು. ಸಾಧನಕೇರಿಯ ಸಂಜೆ ಬರೆದು ಹಜಾರದ ಗೋಡೆಗೆ ತೂಗುಹಾಕಿದ್ದರೆ ಹತ್ತಿಪ್ಪತ್ತು ವರ್ಷದಲ್ಲಿ ಸಂಜೆಯೇ ಉಳಿಯುತ್ತಿರಲಿಲ್ಲ. ನಿಮ್ಮ ಜಲವರ್ಣಗಳ ಕೆಂಪು ಇನ್ನೂ ಕೆಂಪಾಗಿಯೇ ಇರುವ ಸಂಭವ ಹೆಚ್ಚು. ಅದೇ ಅಗಸೆ ಎಣ್ಣೆಯ ಬಣ್ಣ ಕತ್ತಲೆಯಲ್ಲಿ ಹಳದಿಗಟ್ಟುತ್ತದೆ, ಬಿಳಿಯಲ್ಲಿ ಅದು ಬೇಗ ಎದ್ದು ಕಾಣುತ್ತದೆ. ಇದು ಕೊಳೆ ಅಲ್ಲ, ಉಜ್ಜಿದರೆ ಹೋಗುವುದಿಲ್ಲ. ಬೆಳಕಿಗೆ ಇಟ್ಟರೆ ಒಂದಷ್ಟು ತಾನಾಗಿ ಮರಳುತ್ತದೆ. 17ನೆಯ ಶತಮಾನದಲ್ಲಿಯೇ ಫ್ಲಾಂಡರ್ಸ್‌ನ ಚಿತ್ರಕಾರ ರೂಬೆನ್ಸ್, ಪೆಟ್ಟಿಗೆಯಲ್ಲಿ ಮುಚ್ಚಿ ಕಳಿಸಿದ ತನ್ನ ಚಿತ್ರ ಹಳದಿಯಾಗಿದ್ದರೆ ಬಿಸಿಲಿಗೆ ಇಡಿ ಎಂದು ಗೆಳೆಯನಿಗೆ ಪತ್ರ ಬರೆದಿದ್ದ. ಅವನ ಊರಿನ ಬಿಸಿಲು ಬೇರೆ, ನಮ್ಮದು ಬೇರೆ. ನೀವು ಹಾರ್ಡ್‌ಬೋರ್ಡಿನ ಎರಡು ಚಿತ್ರಗಳನ್ನು ನೇರ ಬಿಸಿಲು ಬೀಳದ, ಬೆಳಕು ಚೆನ್ನಾಗಿರುವ ಕೋಣೆಯಲ್ಲಿ ಒಂದೆರಡು ತಿಂಗಳು ನಿಲ್ಲಿಸಿಡಿ. ಮೊದಲ ದಿನದ ಫೋಟೊ ತೆಗೆದಿಟ್ಟುಕೊಂಡರೆ ವ್ಯತ್ಯಾಸ ಕಾಣುತ್ತದೆ. ಅಷ್ಟಾದ ಮೇಲೂ ಉಳಿದದ್ದು ಹೊಗೆಯ ಇಲ್ಲಣ. ಅದನ್ನು ತೆಗೆಯುವುದು ನಮ್ಮ ಕೆಲಸ.

ಆಲೂಗಡ್ಡೆಯ ಸಲಹೆ ನಿಮ್ಮ ಮೇಷ್ಟ್ರು ಹುಟ್ಟಿಸಿದ್ದಲ್ಲ, ಅದು ಊರೂರಲ್ಲಿಯೂ ಇದೆ. ಅದರಿಂದ ಚಿತ್ರ ಸ್ವಚ್ಛವಾದಂತೆ ಕಾಣುವುದು ನಿಜ, ಯಾವುದರಿಂದಲಾದರೂ ಒದ್ದೆ ಮಾಡಿ ಉಜ್ಜಿದರೆ ಹಾಗೆಯೇ ಕಾಣುತ್ತದೆ. ಆದರೆ ಒದ್ದೆ ಬಿರುಕಿನೊಳಗೆ ಇಳಿದು ಕೆಳಗಿನ ಅಂಟಿನ ಲೇಪವನ್ನು ಸಡಿಲಿಸುತ್ತದೆ, ಹಿಟ್ಟಿನ ಅಂಶ ಅಲ್ಲಿಯೇ ಕುಳಿತು ಮುಂದಿನ ಮಳೆಗಾಲದ ಬೂಷ್ಟಿಗೆ ಊಟವಾಗುತ್ತದೆ. ತೆಂಗಿನೆಣ್ಣೆ ಇನ್ನೂ ಕೆಟ್ಟದ್ದು. ಅಗಸೆ ಎಣ್ಣೆ ಗಾಳಿಗೆ ಒಣಗಿ ಗಟ್ಟಿ ಪದರವಾಗುತ್ತದೆ, ತೆಂಗಿನೆಣ್ಣೆ ಎಂದೂ ಒಣಗುವುದಿಲ್ಲ. ನಾಲ್ಕು ದಿನ ಹೊಳೆಯುತ್ತದೆ, ಆಮೇಲೆ ಮನೆಯ ಧೂಳನ್ನೆಲ್ಲ ಕರೆದು ಕೂರಿಸಿಕೊಳ್ಳುತ್ತದೆ. ಹೀಗೆ ಎಣ್ಣೆ ಕುಡಿಸಿದ ಒಂದು ಭಾವಚಿತ್ರ ನನ್ನ ಮೇಜಿಗೆ ಬಂದಿತ್ತು. ಎಣ್ಣೆ ತೆಗೆಯುವುದಕ್ಕೆ ಹಿಡಿದ ಸಮಯ ಚಿತ್ರ ಬರೆಯಲು ಹಿಡಿದದ್ದಕ್ಕಿಂತ ಹೆಚ್ಚಿರಬೇಕು.

ಮಗನ ಸಲಹೆಯಲ್ಲಿ ಅರ್ಧ ಸರಿ. ಛಾಯಾಪ್ರತಿ ಬೇಕು, ಲ್ಯಾಮಿನೇಶನ್ ಬೇಡವೇ ಬೇಡ. ಬಿಸಿಯಲ್ಲಿ ಕರಗಿಸಿದ ಪ್ಲಾಸ್ಟಿಕ್ ಕಾಗದದ ನಾರಿನೊಳಗೆ ಇಳಿದ ಮೇಲೆ ಹಿಂದಕ್ಕೆ ಬರುವ ದಾರಿಯಿಲ್ಲ, ಕಾಗದದ ಆಮ್ಲವೂ ತೇವವೂ ಒಳಗೇ ಸಿಕ್ಕಿಕೊಳ್ಳುತ್ತವೆ. ಪಡಿತರ ಚೀಟಿಗೆ ಅದು ಸರಿ. ಸ್ಕ್ಯಾನರ್ ಕೂಡ ಇದ್ದಿಲು ಚಿತ್ರಗಳಿಗೆ ಆಗದು, ಗಾಜಿಗೆ ಮುಖ ಒತ್ತಿದರೆ ಇದ್ದಿಲು ಗಾಜಿಗೆ ಹೋಗುತ್ತದೆ. ಮೊಬೈಲ್ ಕ್ಯಾಮೆರಾ ಸಾಕು. ಬೆಳಗಿನ ನೆರಳಿನ ಬೆಳಕಿನಲ್ಲಿ, ಪಕ್ಕದಲ್ಲಿ ಒಂದು ಬಿಳಿ ಹಾಳೆ ಮತ್ತು ಅಳತೆಪಟ್ಟಿ ಇಟ್ಟು, ಮುಂದೆ ಹಿಂದೆ ಎರಡೂ ಬದಿ ತೆಗೆಯಲಿ. ಹಿಂಬದಿಯನ್ನು ಎಲ್ಲರೂ ಮರೆಯುತ್ತಾರೆ. ಅಲ್ಲಿ ಅಂಗಡಿಯ ಮುದ್ರೆ, ಗುರುಗಳು ಹಾಕಿದ ಅಂಕ, ಯಾರದೋ ವಿಳಾಸ ಇರುತ್ತದೆ.

ಇದಾದ ಮೇಲೆ ಕಾಗದಗಳ ಸರದಿ. ಬೂಷ್ಟು ಹಿಡಿದವನ್ನು ಮೊದಲು ಬೇರೆ ಮಾಡಿ. ಗಾಳಿಯಾಡುವ ಜಗಲಿಯಲ್ಲಿ, ನೆರಳಿನಲ್ಲಿ, ಸ್ವಚ್ಛ ಬಿಳಿ ಹಾಳೆಯ ಮೇಲೆ ಹರಡಿ ಎರಡು ಮೂರು ದಿನ ಬಿಡಿ. ಬೂಷ್ಟು ಹಸಿಯಾಗಿದ್ದಾಗ ಒರೆಸಿದರೆ ಕಾಗದದೊಳಗೆ ಮೆತ್ತಿಕೊಳ್ಳುತ್ತದೆ, ಒಣಗಿ ಪುಡಿಯಾದ ಮೇಲೆ ಮೃದು ಕುಂಚದಿಂದ ಹೊರಮುಖವಾಗಿ ತಳ್ಳಬಹುದು. ಈ ಕೆಲಸವನ್ನು ಎನ್-95 ಮುಖಗವಸು ಹಾಕಿಕೊಂಡು ಮನೆಯ ಹೊರಗೆ, ಸಾಧ್ಯವಾದರೆ ಮಗನ ಕೈಯಲ್ಲಿ ಮಾಡಿಸಿ. ನಿಮಗೆ ದಮ್ಮು ಇದ್ದರೆ ಹತ್ತಿರ ನಿಲ್ಲಲೂಬೇಡಿ. ಇದ್ದಿಲು ಚಿತ್ರಗಳಿಗೆ ಮಾತ್ರ ಕುಂಚ ಮುಟ್ಟಿಸಬೇಡಿ, ಬೂಷ್ಟಿನ ಜೊತೆ ಚಿತ್ರವೂ ಹೋಗುತ್ತದೆ. ಕಂದು ಚುಕ್ಕೆಗಳಿಗೆ ಶಿಲೀಂಧ್ರವೂ ಕಾರಣ, ಕಾಗದದಲ್ಲಿ ಸೇರಿಕೊಂಡ ಕಬ್ಬಿಣದ ಕಣಗಳೂ ಕಾರಣ. ಅವು ಇದ್ದರೆ ಇರಲಿ. ಬಟ್ಟೆಯ ಬ್ಲೀಚ್ ಹಚ್ಚಿದರೆ ಚುಕ್ಕೆ ಹೋಗುತ್ತದೆ, ಕೆಲವು ವರ್ಷಗಳಲ್ಲಿ ಆ ಜಾಗದ ಕಾಗದವೂ ಹೋಗುತ್ತದೆ. ಸೆಲ್ಲೋಟೇಪನ್ನು ಕೀಳಬೇಡಿ. ಅದರ ಅಂಟು ಕಾಗದಕ್ಕೆ ಇಳಿದೇ ಕಂದು ಪಟ್ಟಿಯಾಗಿರುವುದು, ಕಿತ್ತರೆ ಬಣ್ಣದ ಪದರ ಎದ್ದು ಬರುತ್ತದೆ. ಅದನ್ನು ದ್ರಾವಕದಿಂದ ತೆಗೆಯಲು ಬರುತ್ತದೆ, ಆದರೆ ಮನೆಯಲ್ಲಿ ಅಲ್ಲ.

ಇಡುವಾಗ ನಡುನಡುವೆ ಆಮ್ಲರಹಿತ ಕಾಗದ ಹಾಕಿ. ಸಿಗದಿದ್ದರೆ ತೊಳೆದು ತೊಳೆದು ಗಂಜಿ ಹೋದ ಹಳೆಯ ಬಿಳಿ ಹತ್ತಿ ಪಂಚೆ ಆಗುತ್ತದೆ, ದಿನಪತ್ರಿಕೆ ಮಾತ್ರ ಆಗದು. ನುಸಿಗುಳಿಗೆ ಹಾಕಬೇಡಿ, ಅದರ ಆವಿ ನಿಮಗೂ ಒಳ್ಳೆಯದಲ್ಲ, ಚಿತ್ರಕ್ಕೂ ಅಲ್ಲ. ಓಲೆಗರಿಯ ಕಟ್ಟುಗಳಿಗೆ ಹಿಂದಿನವರು ಇಡುತ್ತಿದ್ದಂತೆ ಬಜೆ ಬೇರನ್ನು ಬಟ್ಟೆಯ ಚೀಲದಲ್ಲಿ ಕಟ್ಟಿ ಮೂಲೆಯಲ್ಲಿ ಇಡುವುದಕ್ಕೆ ನನ್ನ ಅಡ್ಡಿಯಿಲ್ಲ. ಬೇವಿನ ಸೊಪ್ಪನ್ನು ಚಿತ್ರಗಳ ನಡುವೆ ಹರಡಬೇಡಿ, ಎಲೆಯ ಕಲೆ ಉಳಿಯುತ್ತದೆ.

ಈಗ ಅಮ್ಮನ ಬಾಯಿ.

ನಿಮ್ಮ ಪತ್ರದ ಉಳಿದ ಪ್ರಶ್ನೆಗಳೆಲ್ಲ ಇದರ ಸುತ್ತ ಕಟ್ಟಿದ ಬೇಲಿ ಎಂದು ನನಗೆ ಅನಿಸಿತು. ಕಾನೂನಿನ ಪ್ರಕಾರ ತಿದ್ದಬಹುದು. ಚಿತ್ರ ನಿಮ್ಮದು, ಬರೆದವರೂ ನೀವೇ, ಯಾರ ಅಪ್ಪಣೆಯೂ ಬೇಕಿಲ್ಲ. ಹಾಗೆ ತಿದ್ದಿದವರ ಸಾಲೂ ದೊಡ್ಡದಿದೆ. ಫ್ರಾನ್ಸಿನ ದೆಗಾನಿಗೆ ಮಾರಿದ ಚಿತ್ರವನ್ನೂ ವಾಪಸ್ ಒಯ್ದು ತಿದ್ದುವ ಚಟವಿತ್ತು. ಅವನ ಗೆಳೆಯ ರುವಾರ್ ತನ್ನ ಮನೆಯಲ್ಲಿದ್ದ ದೆಗಾ ಚಿತ್ರವನ್ನು ಗೋಡೆಗೆ ಸರಪಳಿಯಿಂದ ಬಿಗಿದಿದ್ದ ಎಂಬ ಕಥೆ ಕಲಾವಲಯದಲ್ಲಿ ಇಂದಿಗೂ ಓಡಾಡುತ್ತದೆ.

ನನ್ನ ಅಡ್ಡಿ ಬೇರೆ. ಹಿಂದೆ ಒಬ್ಬ ಹಿರಿಯ ಕಲಾವಿದರು 1960ರ ದಶಕದ ತಮ್ಮ ಒಂದು ನಿಸರ್ಗಚಿತ್ರವನ್ನು ತಂದರು. ಆಕಾಶದಲ್ಲಿ ಅಂಗೈಯಷ್ಟು ಬಣ್ಣ ಉದುರಿತ್ತು. ಮನೆಯಲ್ಲಿದ್ದ ಅಕ್ರಿಲಿಕ್‌ನಿಂದ ಅದನ್ನು ತುಂಬಲು ಹೊರಟವರು, ಹೊಂದಲಿಲ್ಲವೆಂದು ಸುತ್ತಲೂ ಸ್ವಲ್ಪ ಬಳಿದರು, ಅದೂ ಹೊಂದಲಿಲ್ಲವೆಂದು ಇಡೀ ಆಕಾಶವನ್ನು ಹೊಸದಾಗಿ ಬರೆದರು. ಆಕಾಶ ಹೊಸತಾದ ಮೇಲೆ ಮರಗಳು ಹಳತಾಗಿ ಕಂಡವು. ನನ್ನ ಬಳಿಗೆ ಬಂದಾಗ ಅವರು ಕೇಳಿದ್ದು ಒಂದೇ ಮಾತು: "ಇದರ ಕೆಳಗೆ ನಾನು ಇನ್ನೂ ಇದ್ದೇನೆಯೇ?" ಇದ್ದರು, ಆದರೆ ಪೂರ್ತಿಯಾಗಿ ಹೊರಗೆ ತರಲು ಆಗಲಿಲ್ಲ. ಎಣ್ಣೆಯ ಬಣ್ಣದ ಮೇಲೆ ಅಕ್ರಿಲಿಕ್ ಸರಿಯಾಗಿ ಕಚ್ಚುವುದಿಲ್ಲ, ಆದರೂ ಅಲ್ಲಲ್ಲಿ ಹಳೆಯದನ್ನು ಹಿಡಿದುಕೊಂಡೇ ಏಳುತ್ತದೆ.

ಅವರ ಕೈ ಕೆಟ್ಟಿತ್ತು ಎಂದಲ್ಲ, ಇನ್ನೂ ಚೆನ್ನಾಗಿಯೇ ಬರೆಯುತ್ತಿದ್ದರು. ಆದರೆ ಅದು ಬೇರೆ ಕೈ. ಇಪ್ಪತ್ತೆರಡರ ಹುಡುಗಿ ಕುಂಚ ಇಟ್ಟ ವೇಗ, ಒತ್ತಡ, ಎಲ್ಲಿ ಅಂಜಿದಳು, ಎಲ್ಲಿ ಗುರುಗಳ ಮಾತು ಕೇಳದೆ ಮುನ್ನುಗ್ಗಿದಳು ಎಂಬುದೆಲ್ಲ ಆ ಪದರದಲ್ಲಿದೆ. ಎಪ್ಪತ್ತೊಂದರ ನೀವು ಅವಳಿಗೆ ದೂರದ ಸಂಬಂಧಿ. ಅವಳ ತಪ್ಪನ್ನು ನೀವು ಸರಿಯಾಗಿ ಗುರುತಿಸಬಲ್ಲಿರಿ, ಅವಳು ತಿದ್ದುತ್ತಿದ್ದ ಹಾಗೆ ತಿದ್ದಲಾರಿರಿ.

ಕಣ್ಣಿನ ವಿಷಯವನ್ನೂ ಇಲ್ಲಿಯೇ ಹೇಳಿಬಿಡುತ್ತೇನೆ. ಪೊರೆ ಬಂದ ಕಣ್ಣಿನ ಮಸೂರ ಹಳದಿಗಟ್ಟಿ ನೀಲಿಯನ್ನು ತಡೆಯುತ್ತದೆ. ಶಸ್ತ್ರಚಿಕಿತ್ಸೆಯಾದ ಮೇಲೆ ನೀಲಿ ಹೊಡೆದು ಕಾಣುತ್ತದೆ, ನೀವೂ ಗಮನಿಸಿರಬಹುದು. ಫ್ರಾನ್ಸಿನ ಚಿತ್ರಕಾರ ಮೋನೆಗೆ 1912ರಲ್ಲಿ ಪೊರೆ ಇದೆಯೆಂದು ತಿಳಿಯಿತು, 1923ರಲ್ಲಿ ಶಸ್ತ್ರಚಿಕಿತ್ಸೆಯಾಯಿತು. ಆಮೇಲೆ ಹಿಂದಿನ ವರ್ಷಗಳಲ್ಲಿ ತಾನು ಬರೆದದ್ದನ್ನು ಹೊಸ ಕಣ್ಣಿನಿಂದ ನೋಡಿ ಕೆಲವನ್ನು ತಿದ್ದಿದ, ಕೆಲವನ್ನು ನಾಶ ಮಾಡಿದ. ಎರಡು ವರ್ಷದ ಹಿಂದೆ ನೀವು ಅಮ್ಮನ ಮುಖಕ್ಕೆ ಬಣ್ಣ ಹೊಂದಿಸಿದ್ದರೆ ಇಂದು ಆ ತೇಪೆ ನಿಮಗೇ ಕಣ್ಣಿಗೆ ಹೊಡೆಯುತ್ತಿತ್ತು. ಜೊತೆಗೆ, ಸುತ್ತಲಿನ ಹಳೆಯ ಬಣ್ಣ ಬೆಳಕಿಗೆ ಬಂದು ತಿಳಿಯಾಗುತ್ತಾ ಹೋಗುವಾಗ ಹೊಸದಾಗಿ ಹಚ್ಚಿದ ಎಣ್ಣೆಯ ಬಣ್ಣ ಮಾಗುತ್ತಾ ಹೋಗುತ್ತದೆ. ಇವತ್ತು ಹೊಂದಿದ್ದು ಐದು ವರ್ಷಕ್ಕೆ ಹೊಂದುವುದಿಲ್ಲ.

ಹಾಗಾದರೆ ಏನು ಮಾಡಬಹುದು? ಒಂದನೆಯದು, ಎದ್ದ ಚಕ್ಕೆಗಳನ್ನು ಅಂಟಿಸಿ ಕೂರಿಸಿ, ಉದುರಿಹೋದ ಜಾಗವನ್ನು ಹಾಗೆಯೇ ಬಿಡಬಹುದು. ಬಾಯಿಯ ಹತ್ತಿರ ಬರಿ ಕ್ಯಾನ್ವಾಸ್ ಕಾಣುತ್ತದೆ, ಕೆಲವರಿಗೆ ಅದನ್ನು ದಿನವೂ ನೋಡುವುದು ಕಷ್ಟ. ಎರಡನೆಯದು, ಸಂರಕ್ಷಕರು ಬಣ್ಣ ಉದುರಿದ ಜಾಗಕ್ಕೆ ಮಾತ್ರ, ಒಂದು ಕೂದಲೂ ಆಚೆ ದಾಟದಂತೆ, ಬೇಕೆಂದಾಗ ಒರೆಸಿ ತೆಗೆಯಬಹುದಾದ ಬಣ್ಣ ತುಂಬುವುದು. ಖರ್ಚು ಇದೆ, ತಿಂಗಳುಗಟ್ಟಲೆ ಕಾಯಬೇಕು, ಮತ್ತು ಇದರಲ್ಲಿ ನಿಮ್ಮ ಹಳೆಯ ತಪ್ಪು ತಿದ್ದಿಹೋಗುವುದಿಲ್ಲ, ಉಳಿಯುತ್ತದೆ. ನಾನಾದರೆ ಇದನ್ನು ಆರಿಸಿಕೊಂಡು, ಜೊತೆಗೆ ಇನ್ನೊಂದು ಕೆಲಸ ಮಾಡುತ್ತೇನೆ: ಹೊಸ ಕ್ಯಾನ್ವಾಸ್ ತಂದು, ಹಳೆಯದನ್ನು ಎದುರಿಗಿಟ್ಟು, ಅಮ್ಮನನ್ನು ಇನ್ನೊಮ್ಮೆ ಬರೆಯುತ್ತೇನೆ. ಆಗ ನಿಮ್ಮ ಅಮ್ಮನ ವಯಸ್ಸು ಎಷ್ಟಿತ್ತು? ಹೆಚ್ಚಾಗಿ ಈಗಿನ ನಿಮಗಿಂತ ಬಹಳ ಚಿಕ್ಕವಳಿದ್ದಳು. ಅವಳ ಬಾಯಿ ಹೇಗಿತ್ತು ಎಂದು ಈಗ ನಿಮಗೆ ಬೇರೆ ಥರ ಗೊತ್ತಿರುತ್ತದೆ. ಕೈ ನಡುಗಿದರೆ ನಡುಗಲಿ, ಹೊಸ ಕ್ಯಾನ್ವಾಸಿನಲ್ಲಿ ಆ ನಡುಕ ನಿಮ್ಮದೇ ಗೆರೆ.

ಸಹಿಯ ಬಗ್ಗೆ ಚುಟುಕಾಗಿ ಹೇಳುತ್ತೇನೆ. ಇಟಲಿಯ ದೆ ಕಿರಿಕೊ ಮುಪ್ಪಿನಲ್ಲಿ ತನ್ನ ತಾರುಣ್ಯದ ಚಿತ್ರಗಳನ್ನೇ ಮತ್ತೆ ಬರೆದು ಹಳೆಯ ತಾರೀಖು ಹಾಕಿದ. ಅವನ ಚಿತ್ರಗಳ ಕಾಲ ನಿರ್ಣಯಿಸುವುದು ಇಂದಿಗೂ ತಲೆನೋವು. ನಿಮ್ಮದು ಅಂಥ ಮೋಸವಲ್ಲ, ಆದರೂ ಮುಂಭಾಗದಲ್ಲಿ 1975 ಎಂದು ಈಗ ಬರೆದರೆ ಅದು ಸುಳ್ಳು ದಾಖಲೆಯೇ. ಕಾಗದದ ಹಿಂದೆ, ಅಂಚಿನಲ್ಲಿ, ಮೃದುವಾದ ಪೆನ್ಸಿಲಿನಿಂದ ಹಗುರವಾಗಿ "ಬರೆದದ್ದು ಸುಮಾರು 1975, ಧಾರವಾಡ, ಸಹಿ ಹಾಕಿದ್ದು ಇಂಥ ದಿನ" ಎಂದು ಬರೆದು ಸಹಿ ಮಾಡಿ. ಬಾಲ್‌ಪೆನ್ ಬೇಡ, ಒತ್ತು ಮುಂದಕ್ಕೆ ಮೂಡುತ್ತದೆ. ಕ್ಯಾನ್ವಾಸಿಗೆ ಚೌಕಟ್ಟು ಹಾಕಿಸಿದ ಮೇಲೆ ಮರದ ಪಟ್ಟಿಯ ಮೇಲೆ ಬರೆಯಿರಿ, ಬಟ್ಟೆಯ ಮೇಲೆ ಅಲ್ಲ. ಇದರ ಜೊತೆಗೆ ಒಂದು ನೋಟ್‌ಬುಕ್ ಇಟ್ಟುಕೊಳ್ಳಿ. ಪ್ರತಿ ಚಿತ್ರಕ್ಕೂ ಒಂದು ಪುಟ: ಎಲ್ಲಿ ಕುಳಿತು ಬರೆದದ್ದು, ಕಾಗದ ಎಲ್ಲಿ ಕೊಂಡದ್ದು, ಜೊತೆಗೆ ಯಾರಿದ್ದರು, ಅಮ್ಮ ಉಟ್ಟ ಸೀರೆ ಯಾವುದು. ಬಣ್ಣ ಯಾವುದೆಂದು ಪ್ರಯೋಗಾಲಯ ಹೇಳಬಲ್ಲದು, ಸೀರೆ ಯಾರದೆಂದು ಹೇಳಲಾರದು.

ಬಚ್ಚಲ ಒಲೆಯ ವಿಚಾರ. ರುವೋ ಎಂಬ ಫ್ರೆಂಚ್ ಕಲಾವಿದ ತನ್ನ ಚಿತ್ರಗಳನ್ನು ಇಟ್ಟುಕೊಂಡಿದ್ದ ವ್ಯಾಪಾರಿಯ ವಾರಸುದಾರರ ಮೇಲೆ ದಾವೆ ಹೂಡಿ ಗೆದ್ದು, ವಾಪಸ್ ಪಡೆದವುಗಳಲ್ಲಿ 315 ಅಪೂರ್ಣ ಚಿತ್ರಗಳನ್ನು 1948ರಲ್ಲಿ ಬೆಂಕಿಗೆ ಹಾಕಿದ. ಆಗ ಅವನಿಗೆ 77 ವರ್ಷ. ಹಾಗಾಗಿ ಆ ವಯಸ್ಸಿನಲ್ಲಿ ಹೀಗೆ ಅನಿಸುವುದು ಹೊಸದೇನಲ್ಲ, ಸುಡುವ ಹಕ್ಕು ನಿಮಗಿಲ್ಲ ಎಂದೂ ನಾನು ಹೇಳುವುದಿಲ್ಲ. ಒಂದು ಮಳೆಗಾಲ ಕಳೆಯಲಿ ಎಂದಷ್ಟೇ ಕೇಳುತ್ತೇನೆ. ನಾಚಿಕೆಯಾಗುವ ಚಿತ್ರಗಳನ್ನು ಬೇರೆ ಕಟ್ಟು ಮಾಡಿ, ಫೋಟೊ ತೆಗೆದು, ಮೇಲೆ ತಾರೀಖು ಬರೆದು ಇಡಿ. ಮುಂದಿನ ದೀಪಾವಳಿಗೆ ಬಿಚ್ಚಿ ನೋಡಿದಾಗಲೂ ಹಾಗೆಯೇ ಅನಿಸಿದರೆ ಒಲೆ ಎಲ್ಲಿಗೂ ಹೋಗಿರುವುದಿಲ್ಲ. ನನ್ನ ಅನುಭವದಲ್ಲಿ ಜನ ನಾಚಿಕೊಳ್ಳುವುದು ಹೆಚ್ಚಾಗಿ ಗುರುಗಳ ನಕಲು ಕಾಣುವ ಚಿತ್ರಗಳಿಗೆ, ಮತ್ತು ಕಾಲ ಕಳೆದ ಮೇಲೆ ಹುಡುಕಿಕೊಂಡು ಬರುವವರು ಕೇಳುವುದು ಅವನ್ನೇ.

ಶಾಲೆಗೆ ಕೊಟ್ಟ ಚಿತ್ರ ಶಾಲೆಯದು, ಕಾಣಿಕೆಯನ್ನು ಹಿಂದಕ್ಕೆ ಕೇಳಲಾಗದು. ಆದರೆ ಬರಹದಲ್ಲಿ ಬಿಟ್ಟುಕೊಡದ ಹೊರತು ಹಕ್ಕುಸ್ವಾಮ್ಯ ನಿಮ್ಮದೇ, ನಿಮ್ಮ ಜೀವಮಾನವಿಡೀ ಮತ್ತು ಆನಂತರ 60 ವರ್ಷ ನಿಮ್ಮ ವಾರಸುದಾರರದು. 1957ರ ಹಕ್ಕುಸ್ವಾಮ್ಯ ಕಾಯ್ದೆಯ 57ನೆಯ ಕಲಮು ಕಲಾವಿದರ ಗೌರವಕ್ಕೆ ಕುಂದು ಬರುವಂತೆ ಕೃತಿಯನ್ನು ವಿರೂಪ ಮಾಡುವುದನ್ನು ತಡೆಯುತ್ತದೆ. ದೆಹಲಿಯ ವಿಜ್ಞಾನ ಭವನದ ಗೋಡೆಯಿಂದ ಕಿತ್ತುಹಾಕಿದ ತಮ್ಮ ಭಿತ್ತಿಶಿಲ್ಪಕ್ಕಾಗಿ ಶಿಲ್ಪಿ ಅಮರನಾಥ ಸೆಹಗಲ್ ಹೋರಾಡಿ, 2005ರಲ್ಲಿ ದೆಹಲಿ ಹೈಕೋರ್ಟಿನಲ್ಲಿ ಗೆದ್ದದ್ದು ಇದೇ ಕಲಮಿನ ಮೇಲೆ. ನಿಮಗೆ ಅಷ್ಟು ದೂರ ಹೋಗುವ ಅಗತ್ಯ ಕಾಣುವುದಿಲ್ಲ. ಒಮ್ಮೆ ಹೋಗಿ, ಮುಖ್ಯಸ್ಥರ ಅನುಮತಿ ಕೇಳಿ ಫೋಟೊ ತೆಗೆದುಕೊಳ್ಳಿ, ಚಿತ್ರದ ವಿವರ ಬರೆದು ಕೊಡಿ. ಬಿಸಿಲು ಬೀಳುವ ಗೋಡೆಯಲ್ಲಿದ್ದರೆ ಎದುರು ಗೋಡೆಗೆ ಸರಿಸಲು ಹೇಳಿ. ಬಹಳ ಸಲ ಅಲ್ಲಿರುವವರಿಗೆ ಅದು ಯಾರ ಚಿತ್ರವೆಂದೇ ತಿಳಿದಿರುವುದಿಲ್ಲ.

ಕೊನೆಯದಾಗಿ ಸುರುಳಿಗಳು. ಬಣ್ಣ ಒಳಮುಖವಾಗಿ ಸುತ್ತಿದ್ದರೆ, ಎಲ್ಲರೂ ಹಾಗೆಯೇ ಸುತ್ತುತ್ತಾರೆ, ಬಿಚ್ಚುವಾಗ ಬಣ್ಣದ ಪದರ ಎಳೆಸಿಕೊಂಡು ಬಿರುಕು ಬಿಡುತ್ತದೆ. ಅಮ್ಮನ ಚಿತ್ರವನ್ನು ಈಗಾಗಲೇ ಬಿಚ್ಚಿ ನೋಡಿದ್ದೀರಿ, ಅದನ್ನು ಮತ್ತೆ ಸುತ್ತಬೇಡಿ. ಮಂಚದ ಕೆಳಗೆ ದಪ್ಪ ರಟ್ಟಿನ ಮೇಲೆ, ಬಣ್ಣ ಮೇಲ್ಮುಖವಾಗಿ, ಅದು ಎಷ್ಟು ಚಪ್ಪಟೆಯಾಗುತ್ತದೆಯೋ ಅಷ್ಟಕ್ಕೇ ಬಿಟ್ಟು ಮಲಗಿಸಿ. ಮೇಲೆ ಪುಸ್ತಕ ಹೇರಬೇಡಿ, ಇಸ್ತ್ರಿ ಮಾಡಬೇಡಿ. ಉದುರಿದ ಚಕ್ಕೆಗಳು ಎಷ್ಟು ಸಣ್ಣವಿದ್ದರೂ ಒಂದು ಲಕೋಟೆಯಲ್ಲಿ ಕೂಡಿಡಿ, ಅವು ಎಲ್ಲಿಯವೆಂದು ನಮಗೆ ಗೊತ್ತಾಗುತ್ತದೆ. ಉಳಿದ ಮೂರನ್ನು ಬಿಚ್ಚದೆ ಹಾಗೆಯೇ ತನ್ನಿ. ಬೆಂಗಳೂರಿನ ಚಿತ್ರಕಲಾ ಪರಿಷತ್ತಿನ ಆವರಣದಲ್ಲಿ ಇಂಟ್ಯಾಕ್ ಸಂಸ್ಥೆಯ ಕಲಾ ಸಂರಕ್ಷಣಾ ಕೇಂದ್ರವಿದೆ. ಫೋಟೊಗಳನ್ನು ಮೊದಲೇ ಕಳಿಸಿ, ಯಾವುದಕ್ಕೆ ಎಷ್ಟು ಖರ್ಚು, ಎಷ್ಟು ಕಾಲ ಎಂದು ಕೇಳಿ. ಎಲ್ಲವನ್ನೂ ಒಟ್ಟಿಗೆ ಮಾಡಿಸಬೇಕೆಂದಿಲ್ಲ, ಅಮ್ಮನಿಂದ ಶುರುಮಾಡಿ. ಬಸ್ಸಿನಲ್ಲಿ ಬರುವುದಾದರೆ ಕೆಳಗಿನ ಲಗೇಜಿಗೆ ಹಾಕಬೇಡಿ, ಘಟ್ಟದ ರಸ್ತೆಯ ಕುಲುಕಾಟಕ್ಕೆ ಚಕ್ಕೆ ಉಳಿಯುವುದಿಲ್ಲ. ಸ್ಲೀಪರ್ ಬಸ್ಸಿನಲ್ಲಿ ಎರಡು ಸೀಟು ಮಾಡಿಸಿ, ಒಂದರಲ್ಲಿ ರಟ್ಟಿನ ಸಮೇತ ಅಮ್ಮನನ್ನು ಮಲಗಿಸಿಕೊಂಡು ಬನ್ನಿ.